ಅಣ್ಣ ನಡೆದುಹೋದ ಶಾಟ್

ಸತ್ತವರ ದನಿ ಕೇಳಿಸಿತು ಎನ್ನುವವರನ್ನು ನಾನು ಎಂದೂ ನಂಬಿದವಳಲ್ಲ. ಸಿನಿಮಾ ಸಂಕಲನ ನನ್ನ ಕೆಲಸ. ಇಲ್ಲದ್ದನ್ನು ಇದ್ದಂತೆ ತೋರಿಸುವುದು ಎಷ್ಟು ಸುಲಭ ಎಂದು ಬಲ್ಲೆ. ನೆನಪೂ ಅದೇ ಕೆಲಸ ಮಾಡುತ್ತದೆ, ನಮ್ಮನ್ನು ಕೇಳದೆಯೇ. ಕೆಲವು ವರ್ಷಗಳ ಹಿಂದಿನ ಈ ಸಂಗತಿಯನ್ನು ಓದುವಾಗ ನನ್ನನ್ನೂ ಪೂರ್ತಿ ನಂಬಬೇಡಿ.

ನಾನು ಹೆಚ್ಚಾಗಿ ಮಾಡಿರುವುದು ವೈಜ್ಞಾನಿಕ ಕಲ್ಪನೆಯ ಚಿತ್ರಗಳು, ಎಲ್ಲವೂ ಕಡಿಮೆ ಖರ್ಚಿನವು. ಪಾವಗಡದ ಬಂಡೆಗಳು ನನ್ನ ಕೈಯಲ್ಲಿ ಎಷ್ಟೋ ಸಲ ಬೇರೆ ಗ್ರಹಗಳಾಗಿವೆ. ದೃಶ್ಯದ ಅಂಚಿಗೆ ನುಗ್ಗಿದ ಮೇಕೆಯನ್ನೋ ಕರೆಂಟ್ ಕಂಬವನ್ನೋ ತೆಗೆಯುವುದರಲ್ಲೇ ದಿನ ಕಳೆಯುತ್ತಿತ್ತು. ಪರದೆಯ ಮೇಲೆ ನನ್ನ ಹೆಸರು ಬರುವಷ್ಟರಲ್ಲಿ ಜನ ಎದ್ದು ಹೊರಟಿರುತ್ತಾರೆ. ಕೊರಟಗೆರೆಯ ಚಿಕ್ಕಮ್ಮ ಇವತ್ತಿಗೂ ಕೇಳುತ್ತಾಳೆ: "ಎಂ.ಎ. ಓದಿ ಕತ್ತರಿ ಕೆಲ್ಸನೇನೇ? ಅಂಗಾರೆ ನಂಗೊಂದು ಬ್ಲೌಸಾದ್ರೂ ಹೊಲ್ಕೊಡು."

ಅಂಥದ್ದೇ ಒಂದು ಚಿತ್ರದ ಶೂಟಿಂಗಿಗೆ ನಾನೂ ಹೋಗಿದ್ದೆ; ಅಣ್ಣ ವ್ಯಾನ್ ಓಡಿಸಲು ಬಂದಿದ್ದ. ಚನ್ನರಾಯನದುರ್ಗದ ಬೆಟ್ಟದ ಮೇಲೆ, ಬಿಸಿಲಿಗೆ ಕಾದ ಗಗನಯಾತ್ರಿಯ ದಿರಿಸಿನೊಳಗೆ ನಾಯಕನಟನಿಗೆ ತಲೆಸುತ್ತು ಬಂತು. ದೂರದ ಶಾಟ್, ಮುಖ ಕಾಣುವುದಿಲ್ಲ. ದಿರಿಸನ್ನು ಅಣ್ಣನಿಗೇ ತೊಡಿಸಿದರು. "ಹೀರೋ ಆದೆ ಅಂದ್ರೆ ಮುಖನೇ ಕಾಣ್ಸಲ್ವಲ್ಲ ಕಣಮ್ಮ," ಎಂದು ನನ್ನತ್ತ ನಕ್ಕು ಹೆಲ್ಮೆಟ್ ಹಾಕಿಕೊಂಡ. ಬಂಡೆಯ ಮೇಲೆ ನಡೆದು, ಆಚೆ ಬದಿಗೆ ಇಳಿದು ಮರೆಯಾದ. ನಿಧಾನಗತಿಯ ಶಾಟ್ ಆದ್ದರಿಂದ ಧ್ವನಿ ಹಿಡಿದಿರಲಿಲ್ಲ.

ಕೆಲವು ವಾರಗಳಾದ ಮೇಲೆ ಶಿರಾ ಬಳಿ ಹೆದ್ದಾರಿಯಲ್ಲಿ ಅಪಘಾತವಾಗಿ ಅಣ್ಣ ತೀರಿಕೊಂಡ.

ಆಡದೆ ಉಳಿದ ಒಂದು ಮಾತು ಅಮ್ಮನನ್ನು ಹಿಂಡುತ್ತಿತ್ತು. ಮನೆಯಿಂದ ಹೊರಡುವಾಗಲೆಲ್ಲ, ಬೀಡಿ ತರಲು ಹೋದರೂ, ಅಣ್ಣ "ಬಂದ್ಬುಟ್ಟೆ ಕಣಮ್ಮ" ಎನ್ನುತ್ತಿದ್ದ. ಹೊಸ್ತಿಲನ್ನೇ ದಾಟಿಲ್ಲ, ಆಗಲೇ ಬಂದಾಯಿತು! ಅಮ್ಮ "ಹ್ಞೂಂ, ಬಾ" ಎನ್ನಬೇಕು. ಅಪಘಾತದ ದಿನ ಬೆಳಿಗ್ಗೆ ಅವಳು ರಾಗಿ ಬೀಸಿಸಲು ಮಿಷನ್ನಿಗೆ ಹೋಗಿದ್ದಳು. "ಹೇಳ್ದೆ ಹೋದ, ಅದ್ಕೇ ಬರ್ಲಿಲ್ಲ," ಎಂದು ಮತ್ತೆ ಮತ್ತೆ ಹೇಳುತ್ತಿದ್ದಳು. ಅನ್ನ ಮುಟ್ಟುವುದನ್ನೇ ಹೆಚ್ಚುಕಡಿಮೆ ಬಿಟ್ಟಿದ್ದಳು. ಅವಳೂ ಉಳಿಯುವುದಿಲ್ಲವೇನೋ ಎಂದು ನನಗೆ ಹೆದರಿಕೆಯಾಗಿತ್ತು.

ಮಧುಗಿರಿಯ ಮನೆಯ ಮಹಡಿ ಕೋಣೆಯಲ್ಲಿ ಕಿಟಕಿಗೆ ಕಂಬಳಿ ಕಟ್ಟಿ ನಾನು ಸಂಕಲನ ಮಾಡುತ್ತಿದ್ದೆ. ಅಣ್ಣ ಮರೆಯಾಗುವ ಮೊದಲೇ ಶಾಟ್ ಕತ್ತರಿಸಲು ನಿರ್ದೇಶಕರು ಹೇಳಿದ್ದರು. ಕತ್ತರಿಸುವ ಮುಂಚೆ ಅಮ್ಮನಿಗೆ ಪೂರ್ತಿ ತೋರಿಸೋಣವೆಂದು ಒಂದು ಮಧ್ಯಾಹ್ನ ಮೇಲೆ ಕರೆದೆ.

"ಇವ್ನೇ ಕಣೇ. ಎಡಗಾಲು ಹೆಂಗೆ ಎಳ್ದಾಕ್ತಾನೆ ನೋಡು," ಎಂದಳು.

ಅಣ್ಣ ಬಂಡೆಯ ಅಂಚು ತಲುಪಿದ. ಆಗ ಕೇಳಿಸಿತು, ಹೆಲ್ಮೆಟ್ಟಿನೊಳಗಿನಿಂದ ಬಂದಂತೆ ಮಂದವಾಗಿ: "ಬಂದ್ಬುಟ್ಟೆ ಕಣಮ್ಮ."

"ಹ್ಞೂಂ, ಬಾ," ಎಂದಳು ಅಮ್ಮ, ಅಡುಗೆಮನೆಯಿಂದ ಹೇಳುವಷ್ಟೇ ಸಹಜವಾಗಿ. ಕೆಳಗಿಳಿದು, ತಾನೇ ತಟ್ಟೆ ಹಾಕಿಕೊಂಡು ಉಂಡಳು.

ನಾನು ಆ ಶಾಟನ್ನು ಮತ್ತೆ ಮತ್ತೆ ಓಡಿಸಿದೆ. ಅದಕ್ಕೆ ಧ್ವನಿಯೇ ಇರಲಿಲ್ಲ. ಸ್ಪೀಕರ್ ಕೂಡ ಆಫ್ ಆಗಿತ್ತು. ಹಾಗೆಂದು ಈಗ ನೆನಪು. ಅಮ್ಮ ಉತ್ತರ ಕೊಟ್ಟಿದ್ದರಿಂದ ನನಗೂ ಕೇಳಿಸಿದಂತಾಯಿತೇ? ಹಾಗಾದರೆ ಅವಳು ಉತ್ತರ ಕೊಟ್ಟಿದ್ದು ಯಾವುದಕ್ಕೆ? ಅವಳನ್ನೇ ಕೇಳಲು ಧೈರ್ಯವಾಗಲಿಲ್ಲ. ಅವಳು ಊಟ ಮಾಡುತ್ತಿದ್ದಳು, ಅಷ್ಟು ಸಾಕಾಗಿತ್ತು.

ನಿರ್ದೇಶಕರೊಡನೆ ವಾದಿಸಿ ಶಾಟ್ ಪೂರ್ತಿ ಉಳಿಸಿಕೊಂಡೆ. ಅದರ ಮೇಲೆ ಗಾಳಿಯ ಸದ್ದು ಹಾಕಿದೆ. ಚಿತ್ರ ಬಿಡುಗಡೆಯಾದಾಗ ಅಮ್ಮನನ್ನು ಥಿಯೇಟರಿಗೆ ಕರೆದುಕೊಂಡು ಹೋದೆ. ಅಣ್ಣ ಬಂಡೆಯ ಅಂಚಿಗೆ ಬಂದಾಗ ಕಿವಿಗೊಟ್ಟೆ. ನಾನೇ ಹಾಕಿದ ಗಾಳಿ ಬಿಟ್ಟರೆ ಏನೂ ಕೇಳಿಸಲಿಲ್ಲ.

ಪಕ್ಕದ ಕತ್ತಲಲ್ಲಿ ಅಮ್ಮ ಮೆಲ್ಲಗೆ ಅಂದಳು: "ಹ್ಞೂಂ, ಬಾ."