ದೋತರದ ಗಲೀಪಿನೊಳಗಿನ ಕೌದಿ

ಹೋದ ವಾರ ಸಿಂದಗಿ ಬಸ್ ನಿಲ್ದಾಣದ ಹಿಂದೆ ಯಾರೋ ಗೋಡೆಯ ಮೇಲೆ ಕೌದಿ ಒಣಹಾಕಿದ್ದರು. ಬಿಸಿಲಿಗೆ ಕಾದ ಹಳೆಯ ಅರಿವೆಯ ವಾಸನೆ... ನಾನು ಹತ್ತಬೇಕಾದ ಬಸ್ಸು ಹೊರಟುಹೋಯಿತು.

ಮೋರಟಗಿಯಲ್ಲಿ ನಮ್ಮ ಬಾಜೂಮನೆಯ ಅಜ್ಜಿ, ಎಲ್ಲರ ಆಯಿ, ಇಡೀ ಓಣಿಗೆ ಕೌದಿ ಹೊಲಿದುಕೊಟ್ಟವಳು. ಹಳೆಯ ಸೀರೆ, ಅಂಗಿಗಳ ತುಂಡುಗಳನ್ನು ಜೋಡಿಸುತ್ತ ನನಗೂ ಸೂಜಿ ಕೊಡುತ್ತಿದ್ದಳು. ನನ್ನ ಹೊಲಿಗೆ ನೋಡಿ, "ಇದೇನ ಹೊಲಗಿನೋ, ಕುಡದಾಂವ ನಡದ ದಾರಿನೋ?" ಅನ್ನುತ್ತಿದ್ದಳು.

ಅವಳ ಟ್ರಂಕಿನಲ್ಲಿ ಒಂದು ಕೌದಿ ಇತ್ತು. ತಾಯಿಯಿಂದ, ಅತ್ತೆಯಿಂದ ಕಲಿತ ಒಂದೊಂದು ಜೋಡಣೆಯನ್ನೂ ಅದರಲ್ಲಿ ಒಂದೊಂದು ಚೌಕವಾಗಿ ಹೊಲಿದಿದ್ದಳು. ಅವಳಿಗೆ ಅಕ್ಷರ ಬರುತ್ತಿರಲಿಲ್ಲ.

"ನಿನಗ ಪಾಟಿ ಪುಸ್ತಕ ಅದಾವು. ನನಗ ಇದ ಪುಸ್ತಕ. ನಾ ಹ್ವಾದ ಮ್ಯಾಲ ನೀ ಒಯ್ಯಿ, ಮಂದಿಗೆ ಕಲಸು."

"ಸೂಟಿಗೆ ಬಂದು ಎಲ್ಲಾ ಕಲೀತೇನಿ ಆಯಿ," ಅಂದಿದ್ದೆ. ಮದುವೆಯಾಗಿ ಇಂಡಿಗೆ ಬಂದೆ. ರಜೆಗಳು ಬಂದವು, ಹೋದವು...

ಅವಳು ತೀರಿದ ಸುದ್ದಿ ಕೇಳಿ ಓಡಿಹೋದೆ. ಸತ್ತವರ ಹಾಸಿಗೆಯನ್ನು ನಮ್ಮ ಕಡೆ ಮನೆಯಲ್ಲಿ ಇಡುವುದಿಲ್ಲ, ಸುಟ್ಟುಬಿಡುತ್ತಾರೆ. ಆಯಿಯ ಸೊಸೆ ಹೆಣದ ಪಕ್ಕದಲ್ಲಿ ಕೂತು ಅಳುತ್ತಿದ್ದಳು. ಕೈ ಖಾಲಿ ಇದ್ದವಳು ನಾನೇ. ತಲೆದಿಂಬು, ಚಾಪೆ, ಬಿಳಿ ದೋತರದ ಗಲೀಪು ಸುತ್ತಲೂ ಹೊಲಿದು ಮುಚ್ಚಿದ್ದ ಒಂದು ಹೊದಿಕೆ, ಎಲ್ಲವನ್ನೂ ಸುತ್ತಿ ಹೊರಗೆ ಕೊಟ್ಟೆ. ಹೊದಿಕೆ ಭಾರವಿತ್ತು. ಹಳ್ಳದ ದಂಡೆಯಲ್ಲಿ ಅದಕ್ಕೆ ಬೆಂಕಿ ಹತ್ತಲು ಬಹಳ ಹೊತ್ತು ಹಿಡಿಯಿತೆಂದು ಗಂಡಸರು ಬಂದು ಹೇಳಿದರು.

ಮೂರನೆಯ ದಿನ ಸೊಸೆ ಟ್ರಂಕು ತೆರೆದಳು. ಕೌದಿ ಇರಲಿಲ್ಲ.

"ಆಯಿ ನನಗಂತ ಇಟ್ಟಿದ್ದ ಕೌದಿ ಎಲ್ಲೈತಿ?" ಎಂದು ಕೇಳಿದೆ.

"ಅದನ್ನ ಅತ್ತಿಯಾರು ಹೊದ್ಕೊಂಡಿದ್ರಲ್ರಿ ಅಕ್ಕಾರ. ಥಂಡಿ ತಡಕೊಳ್ಳಾಕ ಆಗವಲ್ದು ಅಂತ ತಗದ್ರು. ನಿಮಗ ಕೊಡೂದೈತಿ, ಹೊಲಸ ಆಗಬಾರ್ದು ಅಂತ ಮ್ಯಾಲ ದೋತರದ ಗಲೀಪ ಹೊಲದಿದ್ರು..."

ಸೊಸೆ ನನ್ನ ಮುಖ ನೋಡಿದಳು. ನಾನು ಟ್ರಂಕಿನ ಅಂಚು ಹಿಡಿದು ನೆಲಕ್ಕೆ ಕೂತೆ. ಸುತ್ತಿಕೊಡುವಾಗ ಆ ಗಲೀಪಿನ ಹೊಲಿಗೆ ನನ್ನ ಬೆರಳಿಗೆ ತಾಗಿತ್ತು. ಒಂದು ಎಳೆ ಬಿಚ್ಚಿ ನೋಡಿದ್ದರೆ...

ಈಗ ಹಳೆಯ ಸೀರೆ ಕತ್ತರಿಸಿಕೊಂಡು ಆಯಿಯ ಜೋಡಣೆ ಹಾಕಲು ಆಗಾಗ ಕೂರುತ್ತೇನೆ. ನಾಲ್ಕು ತುಂಡು ಸರಿಯಾಗಿ ಕೂಡುತ್ತವೆ. ಐದನೆಯದನ್ನು ಯಾವ ಕಡೆ ತಿರುಗಿಸಬೇಕೆಂದು ನನಗೆ ಗೊತ್ತಿಲ್ಲ. ಮೋರಟಗಿಯ ಓಣಿಯಲ್ಲಿ ಕೇಳಿಬಂದೆ, ಯಾರಿಗೂ ಗೊತ್ತಿಲ್ಲ.