ಸಿನಗಾಗ್‌ನಲ್ಲಿ ಹೊರ್ತಿಯ ಲಿಂಬೆ

ಮುಂಬೈ ಕಡೆಯ ಊರೊಂದರಲ್ಲಿ ಯಹೂದಿಗಳ ಪ್ರಾರ್ಥನಾ ಮಂದಿರ, ಸಿನಗಾಗ್, ಸೋರುತ್ತಿತ್ತು. ರಿಪೇರಿ ಕೆಲಸ ನನಗೆ ಬಂದಿತ್ತು. ನೋಡಲು ಹೊರಟಾಗ, ಇಂಡಿ ಕಡೆಯ ಹೊರ್ತಿಯಲ್ಲಿ ಲಿಂಬೆ ಬೆಳೆಯುವ ನನ್ನ ಕಾಕಾನೂ ಜೊತೆಗೆ ಬಂದ. ಒಂದೂ ಕಂಬವಿಲ್ಲದೆ, ಮಡಚಿದ ಕಾಗದದ ಹಾಗೆ ನಿಂತ ಕಾಂಕ್ರೀಟ್ ಛಾವಣಿ. ಕೆತ್ತನೆಯಿಲ್ಲ, ಮೂರ್ತಿಯಿಲ್ಲ, ನಡುವೆ ಗ್ರಂಥ ಓದುವ ಕಟ್ಟೆ, ಸುತ್ತ ಬೆಂಚು.

“ಸ್ವಾತಂತ್ರ್ಯ ಬಂದ ಹೊಸದರಲ್ಲಿ ಕಟ್ಟಿದ್ದು. ಹೊಸ ದೇಶಕ್ಕೆ ಹೊಸ ನಮೂನೆಯೇ ಇರಲಿ ಅಂದರಂತೆ ನಮ್ಮ ಹಿರಿಯರು,” ಎಂದು ಉಸ್ತುವಾರಿಯ ಮುದುಕರು ಮರಾಠಿಯಲ್ಲಿ ಹೇಳಿದರು.

ದೊಡ್ಡವರ ಮುಂದೆ ಬರಿಗೈಯಲ್ಲಿ ನಿಂತು ಕಾಕಾನಿಗೆ ಗೊತ್ತಿಲ್ಲ. ತನ್ನ ತೋಟದ ಲಿಂಬೆಹಣ್ಣೊಂದನ್ನು ಅವರ ಕೈಗಿಟ್ಟು ನಮಸ್ಕರಿಸಿದ. ಅವರು ಕನ್ನಡಕ ಏರಿಸಿ, ಹಣ್ಣನ್ನು ಬೆಳಕಿಗೆ ಹಿಡಿದು, ತುದಿ, ತೊಟ್ಟು, ಸಿಪ್ಪೆ ಎಲ್ಲ ತಿರುಗಿಸಿ ನೋಡತೊಡಗಿದರು.

ಕಾಕಾನ ಮುಖ ಕೆಂಪಾಯಿತು. “ಪ್ರೀತಿಲೆ ಕೊಟ್ರ, ಇಂಡಿ ಬಜಾರದ ದಲಾಲಿಗತೆ ನೋಡಾಕತ್ತಾನಲ್ಲೋ!”

ಹಣ್ಣಿನಲ್ಲಿ ಏನಾದರೂ ದೋಷವಿದೆಯೇ ಎಂದು ನಾನು ಅಳುಕುತ್ತಲೇ ಕೇಳಿದೆ. ಮುದುಕರು ನಕ್ಕರು. “ತಪ್ಪು ತಿಳಿಯಬೇಡಿ, ಕೈಗೆ ರೂಢಿಯಾಗಿದೆ. ನಮ್ಮ ಹಬ್ಬಕ್ಕೆ ಇದೇ ಜಾತಿಯ ದೊಡ್ಡ ಹಣ್ಣು ಬೇಕು. ದೇವರ ಮುಂದೆ ಹಿಡಿಯುವುದು, ಒಂದು ಚುಕ್ಕೆಯೂ ಇರಬಾರದು.” ಹಣ್ಣನ್ನು ಮೂಸಿ, ಜೋಪಾನವಾಗಿ ಅಂಗಿಯ ಕಿಸೆಗೆ ಇಟ್ಟುಕೊಂಡರು.

ಕಾಕಾ ಕರಗಿಹೋದ. ಹೊರಗೆ ಬಂದ ಮೇಲೆ ಛಾವಣಿಯ ಕಡೆ ನೋಡಿ ನನಗೆ ಹೇಳಿದ: “ಲಿಂಬಿಹಣ್ಣನ್ನ ಹಿಂಗ ನೋಡಾವ್ರು, ನಿನ್ನ ಪ್ಲಾಸ್ಟರ್ ಹೆಂಗ ನೋಡ್ತಾರ, ವಿಚಾರ ಮಾಡೋ ತಮ್ಮಾ.”