ಹಾರ ಹಾಕಿಸಿಕೊಂಡ ಎದುರುಮನೆ ಮಾಮ

ಹೋದ ವಾರ ಕೊಯಮತ್ತೂರಿನ ಅಂಗಡಿಯೊಂದರ ಮುಂದೆ ಗಂಧದ ಚಕ್ಕೆಯ ಹಾರಗಳ ಘಮ ಮೂಗಿಗೆ ಬಡಿಯಿತು. ಫೋಟೋಗಳಿಗೆ ಹಾಕುವ ಹಾರ. ಆ ವಾಸನೆಗೆ ಎಲ್ಲರಿಗೂ ಸತ್ತವರು ನೆನಪಾಗುತ್ತಾರೆ. ನನಗೆ ನೆನಪಾದದ್ದು ಬದುಕಿದ್ದಾಗಲೇ ಅದರೊಳಗೆ ಸಿಕ್ಕಿಬಿದ್ದಿದ್ದ ನಮ್ಮ ಎದುರುಮನೆ ಮಾಮ...

ನಮ್ಮದು ನೇಕಾರರ ಬೀದಿ. ಮನೆಯೊಳಗೆ ಕನ್ನಡ, ಹೊಸಿಲು ದಾಟಿದರೆ ತಮಿಳು. ಮಾಮ ಮಾತ್ರ ಹೊಸಿಲು ದಾಟಿದರೆ ಯಾರು ಬೇಕಾದರೂ ಆಗಿಬಿಡುತ್ತಿದ್ದರು. ನಾಟಕದಲ್ಲಿ ರಾಣಿ, ರಾಕ್ಷಸ. ಎಷ್ಟೋ ಸಲ ಒಂದೇ ಆಟದಲ್ಲಿ ಎರಡೂ. ಸಿನಿಮಾದಲ್ಲಿ ಪೊಲೀಸು, ಕುಡುಕ, ಪೂಜಾರಿ, ಜಡ್ಜು. ಒಮ್ಮೆ ಮುದುಕಿಯ ವೇಷದಲ್ಲಿ ಬಂದು ನನ್ನ ಕೈಯಿಂದಲೇ ಬಡಿಸಿಕೊಂಡು ಉಂಡು ಹೋದರು. ಊರಿಗೆಲ್ಲ ಟೋಪಿ ಹಾಕುವ ನನಗೇ!

ವಯಸ್ಸಾದ ಮೇಲೆ ತಮಿಳು ಸೀರಿಯಲ್ ಒಂದರಲ್ಲಿ ತಾತನ ಪಾತ್ರ ಸಿಕ್ಕಿತು. ಬೇಗನೆ ತಾತ ಸತ್ತ. ಎಂಥ ಸಾವು ಅಂತೀರಿ! ಬೀದಿಯ ಹೆಂಗಸರು ಮಗ್ಗ ನಿಲ್ಲಿಸಿ ಅತ್ತರು; ಮಾಮ ಅವರ ನಡುವೆಯೇ ಕೂತು ಮುರುಕು ತಿನ್ನುತ್ತಿದ್ದರು. ಆಮೇಲೆ ತಾತನ ಫೋಟೋಗೆ ಹಾರ ಹಾಕಿ ಸೀರಿಯಲ್ ಮನೆಯ ಗೋಡೆಗೆ ನೇತುಹಾಕಿದರು. ಅದು ಅಲ್ಲಿರುವ ತನಕ ಆ ಮುಖ ಬೇರೆ ಯಾವ ಸಿನಿಮಾ, ಸೀರಿಯಲ್‌ನಲ್ಲೂ ಕಾಣಬಾರದು ಎಂಬ ಷರತ್ತಿಗೆ ಮಾಮ ಒಪ್ಪಿಬಿಟ್ಟಿದ್ದರು, ತಾತನೇ ಸತ್ತ ಸೀರಿಯಲ್ ಇನ್ನೆಷ್ಟು ದಿನ ಓಡೀತು ಎಂದುಕೊಂಡು. ಅದು ಓಡಿತು, ವರ್ಷಗಟ್ಟಲೆ.

ದಿನಾ ಸಂಜೆ ಹಾರದೊಳಗೆ ಕಾಣುವವರನ್ನು ಮದುವೆಗೆ ಯಾರು ಕರೆಯುತ್ತಾರೆ? ಶುಭಕಾರ್ಯಕ್ಕೆ ಹೋದರೆ ಹೆಂಗಸರು ಮುಖ ತಿರುಗಿಸುತ್ತಿದ್ದರು. ಮಾಮ ಹೊರಗೆ ಹೋಗುವುದನ್ನೇ ಬಿಟ್ಟರು. ನಾನಂತೂ ಅವರನ್ನು ಕೆಣಕದೆ ಬಿಡುತ್ತಿರಲಿಲ್ಲ.

"ಏನ್ ಮಾಮಾ, ಮೇಲೆ ವಸದಿ ಎಲ್ಲಾ ಸೆರಿಯಾಗಿ ಇದೆಯಾ?"

"ನಿಂಗೂ ಜಾಗ ಹಿಡ್ದು ಇಟ್ಟಿದೀನಿ, ಬೇಗ ಬಾ ಡಾ," ಎನ್ನುತ್ತಿದ್ದರು.

ಅಷ್ಟರಲ್ಲಿ ತಿರುಪ್ಪೂರಿನ ತರುಣ ಸಿನಿಮಾ ನಿರ್ದೇಶಕನೊಬ್ಬ ಮಾಮನನ್ನು ಹುಡುಕಿಕೊಂಡು ಬಂದ. ತಾನು ಮಾರಿದ ಎತ್ತನ್ನು ಸಂತೆಯಲ್ಲಿ ಮತ್ತೆ ಕಾಣುವ ಮುದುಕನ ಕಥೆ. ಜೀವಮಾನವಿಡೀ ಬೇರೆಯವರ ಬೆನ್ನ ಹಿಂದೆ ನಿಂತ ಮಾಮನಿಗೆ ಅದು ಮೊದಲ ಮುಖ್ಯ ಪಾತ್ರ. ಆ ಫೋಟೋ ಒಂದು ಇಳಿಯಬೇಕು, ಅಷ್ಟೇ.

ಸೀರಿಯಲ್ ಮನೆ ಎಂದರೆ ಪೊಳ್ಳಾಚಿಯ ತೆಂಗಿನತೋಟದ ಒಂದು ಬಂಗಲೆ. ಮಾಮ ಎಷ್ಟು ಬೇಡಿಕೊಂಡರೂ ಸೀರಿಯಲ್‌ನವರು ಕೇಳಿರಲಿಲ್ಲ. ಇಂಥ ಕೆಲಸಕ್ಕೆ ನನ್ನಂಥ ತಲೆಯೇ ಬೇಕು. ವಿಭೂತಿ ಬಳಿದುಕೊಂಡು ಜೋಯಿಸನಾದೆ. ಮಾಮನನ್ನು ಗೇಟಿನ ಹೊರಗೆ ನಿಲ್ಲಿಸಿ ಒಳಗೆ ನುಗ್ಗಿದೆ. ಫೋಟೋ ನೋಡಿ ಗಡಗಡ ನಡುಗಿದೆ. ನಟನೆ ಅಂದರೆ ಅದು! ಉಸಿರಿರುವ ಮನುಷ್ಯನಿಗೆ ಹಾರ ಹಾಕಿದರೆ ಹಾಕಿದವರ ವಂಶಕ್ಕೇ ದೋಷ ಎಂದು ತಮಿಳಿನಲ್ಲಿ ಗುಡುಗಿದೆ. ಮ್ಯಾನೇಜರ್ ಬೆವತುಹೋದ.

"ಪರಿಹಾರಂ ಎದಾವದು ಇರುಕ್ಕಾ ಸಾಮಿ?"

ಫೋಟೋ ಇಳಿಸಿಬಿಡು, ಅದೊಂದೇ ಪರಿಹಾರ ಎಂದೆ. ಅವನು ಒಳಗೋಡಿ ಯಾರನ್ನೋ ಕೇಳಿಕೊಂಡು ಬಂದ. ಫೋಟೋ ಇಳಿಯಲಿಲ್ಲ. ಅದರ ಮುಂದೆ ದೀಪ ಬಂತು, ಊದುಬತ್ತಿ ಬಂತು. ಇನ್ನು ಮುಂದೆ ಪೂಜೆ ಮಾಡಿಯೇ ಶೂಟಿಂಗ್ ಎಂದು ಹೇಳಿ, ನನ್ನ ಕಾಲಿಗೂ ಬಿದ್ದ.

ಬಸ್ಸಿನಲ್ಲಿ ಮಾಮನಿಗೆ ಎಲ್ಲ ಹೇಳಿದೆ.

"ಗೋಡೆ ಮೇಲ್ ಇದ್ದವನ್ನ ಗರ್ಭಗುಡಿಗೇ ತಳ್ಬಿಟ್ಯಲ್ಲೋ, ಪಾವಿ!" ಎಂದು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ನಗು ನಿಂತ ಮೇಲೂ ಕಿಟಕಿಯ ಕಂಬಿ ಹಿಡಿದ ಕೈಯನ್ನು ಸಡಿಲಿಸಲಿಲ್ಲ...

ಪಾತ್ರ ಬೇರೆಯವರ ಪಾಲಾಯಿತು. ಆ ಸುದ್ದಿ ಬಂದ ಮಧ್ಯಾಹ್ನ ಮಾಮ ನಮ್ಮ ಮನೆಗೆ ಬಂದು ಬಾಗಿಲು ಮುಚ್ಚಿದರು.

"ಏಳು, ನೀನೇ ಆ ಎತ್ತು."

ನಾನು ನಡು ಬಗ್ಗಿಸಿ ನಿಂತೆ. ಮಾಮ ಸಂತೆಯ ಮುದುಕನಾದರು. ಎತ್ತಿನ ಗುರುತು ಹತ್ತಿದೆ. ಕೊಂಡವನು ಪಕ್ಕದಲ್ಲೇ ಇದ್ದಾನೆ, ಅವನ ಮುಂದೆ ತೋರಿಸಿಕೊಳ್ಳುವಂತಿಲ್ಲ. ಮೂಗುದಾರ, ಗೊರಸು, ಆಕಾಶ ಎಲ್ಲವನ್ನೂ ನೋಡಿದರು, ನನ್ನ ಕಣ್ಣೊಂದನ್ನು ಬಿಟ್ಟು. ಕೊನೆಗೆ ಹಗ್ಗ ಸರಿಮಾಡುವವರಂತೆ ಕೈ ಚಾಚಿ ನನ್ನ ಕತ್ತಿನ ಮೇಲಿಟ್ಟರು. ತೆಗೆದರು. ಅಂಬಾ ಎಂದು ಕೂಗಿ ನಗಿಸಬೇಕೆಂದಿದ್ದೆ... ನಡು ಬಗ್ಗಿಸಿಕೊಂಡು ಎತ್ತಾಗಿಯೇ ನಿಂತುಬಿಟ್ಟೆ.

ಮಾಮ ಹೋಗಿ ಎರಡು ವರ್ಷವಾಯಿತು. ಆವತ್ತು ಯಾರೂ ಅಷ್ಟಾಗಿ ಅಳಲಿಲ್ಲ. ಬೀದಿ ಅವರಿಗಾಗಿ ಯಾವಾಗಲೋ ಅತ್ತು ಮುಗಿಸಿತ್ತು. ಸೀರಿಯಲ್ ಇನ್ನೂ ನಡೆಯುತ್ತಿದೆ.

ಈ ಊರಿನ ಯಾರ ನಡಿಗೆ, ಯಾರ ಕೆಮ್ಮು, ಯಾರ ಸೀನು ಬೇಕು ಹೇಳಿ, ಈ ವಯಸ್ಸಿನಲ್ಲೂ ಮಾಡಿ ತೋರಿಸುತ್ತೇನೆ. ಆ ಸಂತೆಯ ಮುದುಕನನ್ನು ನೋಡಿದವನು ನಾನೊಬ್ಬನೇ. ಎಷ್ಟೋ ಸಲ ಬಾಗಿಲು ಹಾಕಿಕೊಂಡು ಮಾಡಿ ನೋಡಿದ್ದೇನೆ. ಕೈ ಚಾಚುವುದು ಬರುತ್ತದೆ. ತೆಗೆಯುವುದು ಬರುವುದಿಲ್ಲ.